ಮುಖಂಡರ ಕಿವಿಯ ಹಿಂದಿನ ಅಂಗಡಿ

ಕಳೆದ ರಂಜಾನ್ ತಿಂಗಳು ಶುರುವಾಗುವ ಹಿಂದಿನ ಭಾನುವಾರ ಮಧ್ಯಾಹ್ನ, ಹುಬ್ಬಳ್ಳಿ ಕೇಶ್ವಾಪುರದ ನಮ್ಮ ಬಾಡಿಗೆ ಮನೆಯ ಹಾಲಿನಲ್ಲಿ, ತಮಿಳಿನ ಒಂದಕ್ಷರವೂ ಗೊತ್ತಿಲ್ಲದ ಮೂವರು ಕುಳಿತು ಒಂದು ತಮಿಳು ಸಿನಿಮಾವನ್ನು ಪೂರ್ತಿಯಾಗಿ ನೋಡಿದರು. ಮೂವರೆಂದರೆ ನಾನು, ನನ್ನ ಹೆಂಡತಿ ಗಿರಿಜಾ ಮತ್ತು ನಮ್ಮ ಕಟ್ಟಡದ ನೆಲಮಹಡಿಯಲ್ಲಿ ಹೊಲಿಗೆ ಅಂಗಡಿ ಇಟ್ಟಿರುವ ದಸ್ತಗೀರ್ ಮಾಸ್ತರ್. ಘಟನೆಯಲ್ಲಿ ಯಾರಿಗೂ ಪೆಟ್ಟಾಗಿಲ್ಲ ಎಂದೇ ಆ ಹೊತ್ತಿಗೆ ನಾನು ನಂಬಿದ್ದೆ.

ನಾನು ಹೀಗೆ ಮಾತಾಡುವುದಕ್ಕೆ ಕಾರಣವಿದೆ. ಇಲ್ಲಿಯ ಒಂದು ದಿನಪತ್ರಿಕೆಯ ಡೆಸ್ಕಿನಲ್ಲಿ ಕುಳಿತು ಬೇರೆಯವರು ಬರೆದ ಸುದ್ದಿಯನ್ನು ತಿದ್ದುವುದು ನನ್ನ ಕೆಲಸ. ತಿದ್ದುವುದು ಎಂದರೆ ಬಹುಪಾಲು ವಿಶೇಷಣಗಳನ್ನು ಹೊಡೆದುಹಾಕುವುದು. ‘ಭೀಕರ ಅಪಘಾತ’ ಎಂದು ಬಂದರೆ ಭೀಕರವನ್ನು ತೆಗೆದು ಅಪಘಾತವನ್ನು ಉಳಿಸುತ್ತೇನೆ. ‘ಅದ್ಧೂರಿ ಸಮಾರಂಭ’ದಲ್ಲಿ ಅದ್ಧೂರಿ ತೆಗೆದರೆ ಎಷ್ಟೋ ಸಲ ಸಮಾರಂಭವೇ ಉಳಿಯುವುದಿಲ್ಲ, ಆದರೂ ತೆಗೆಯುತ್ತೇನೆ. ಇಷ್ಟು ವರ್ಷ ಈ ಕೆಲಸ ಮಾಡಿದವನ ನಾಲಿಗೆ ಮನೆಗೆ ಬಂದ ಕೂಡಲೇ ಚಪ್ಪಲಿ ಬಿಟ್ಟಂತೆ ಅಭ್ಯಾಸ ಬಿಡುವುದಿಲ್ಲ. ‘ಪಲ್ಲೆಕ್ಕ ಉಪ್ಪು ಹೆಚ್ಚಾಗೇತೇನ್ರಿ?’ ಎಂದು ಗಿರಿಜಾ ಕೇಳಿದರೆ, ‘ಹೆಚ್ಚಾಗಿದೆ ಎಂಬ ಅಭಿಪ್ರಾಯವಿದೆ’ ಎಂದು ನನ್ನ ಬಾಯಿಂದ ಹೊರಡುತ್ತದೆ. ಉಪ್ಪಿನಬೆಟಗೇರಿಗೆ ನಾನು ಹೆಣ್ಣು ನೋಡಲು ಹೋದಾಗ ಹುಡುಗಿ ಒಪ್ಪಿಗೆಯೇ ಎಂದು ಹಿರಿಯರು ಕೇಳಿದ್ದಕ್ಕೆ, ಸದ್ಯಕ್ಕೆ ನಿರಾಕರಿಸುವ ಕಾರಣಗಳು ಕಂಡುಬಂದಿಲ್ಲ ಎಂದು ಹೇಳಿದ್ದೆನಂತೆ. ನನ್ನ ಮಾವ ಪಕ್ಕದಲ್ಲಿದ್ದವರನ್ನು ಕರೆದು, ‘ಹುಡುಗ ಪೇಪರ್‌ನ್ಯಾಗ ಅದಾನ ಅಂದಿದ್ರಿ, ವಕೀಲ ಇದ್ದಂಗ ಅದಾನಲ್ಲ’ ಎಂದು ವಿಚಾರಿಸಿದರಂತೆ. ಇದು ಗಿರಿಜಾಳ ಆವೃತ್ತಿ. ಸ್ವತಂತ್ರ ಮೂಲಗಳಿಂದ ಖಚಿತಪಟ್ಟಿಲ್ಲ.

ಸಿನಿಮಾಕ್ಕೆ ಬರುವ ಮೊದಲು ಬ್ಯಾನರಿನ ವಿಷಯ ಹೇಳಬೇಕು. ನಮ್ಮ ಓಣಿಯಲ್ಲಿ ಒಬ್ಬ ಯುವ ಮುಖಂಡರಿದ್ದಾರೆ. ಅವರ ಹೆಸರು ಇಲ್ಲಿ ಬೇಡ. ನಾನು ಡೆಸ್ಕಿಗೆ ಸೇರಿದಾಗಲೂ ಅವರು ಯುವ ಮುಖಂಡರೇ ಆಗಿದ್ದರು. ಈಗ ನನಗೆ ಕನ್ನಡಕದ ನಂಬರು ಏರಿದೆ, ಅವರ ಯೌವನ ಮಾತ್ರ ಇದ್ದಲ್ಲೇ ಇದೆ. ಅವರ ಹುಟ್ಟುಹಬ್ಬಕ್ಕೆ ಇನ್ನೂ ಸಾಕಷ್ಟು ದಿನಗಳಿರುವಾಗಲೇ ಅಭಿಮಾನಿಗಳು ಬಿದಿರು ಕಟ್ಟಿ ಒಂದು ಬ್ಯಾನರ್ ನಿಲ್ಲಿಸಿದರು. ಮೇಲೆ ಬಿಳಿ ಜುಬ್ಬಾ ತೊಟ್ಟು ಕೈಮುಗಿದ ಮುಖಂಡರು, ಕೆಳಗೆ ಸಾಲಾಗಿ ಶುಭ ಕೋರುವವರ ಸಣ್ಣ ಸಣ್ಣ ತಲೆಗಳು. ಬ್ಯಾನರ್ ನಿಂತ ಜಾಗ ದಸ್ತಗೀರ್ ಮಾಸ್ತರ್ ಅವರ ಅಂಗಡಿಯ ಮುಂಬಾಗಿಲು. ಅಂಗಡಿಯ ಬೋರ್ಡು ಮುಖಂಡರ ಹಣೆಯ ಹಿಂದೆ ಹೋಯಿತು, ಬಾಗಿಲು ಅವರ ಬಲಗಿವಿಯ ನೇರಕ್ಕೆ ಬಂತು. ಒಳಗೆ ಹೋಗಬೇಕೆಂದರೆ ಕಟ್ಟಡದ ಪಕ್ಕದ ಸಂದಿಯಲ್ಲಿ ನುಸುಳಿ, ನಮ್ಮ ಮೋಟಾರ್ ಸೈಕಲ್ ದಾಟಿ, ಹಿಂಬಾಗಿಲಿಗೆ ಹೋಗಬೇಕು. ಇದು ಹಳಬರಿಗೆ ಮಾತ್ರ ಗೊತ್ತು. ಹೊಸ ಗಿರಾಕಿ ಬಟ್ಟೆಯ ಚೀಲ ಹಿಡಿದು ಬಂದು, ಮುಖಂಡರ ಮುಗುಳ್ನಗೆ ನೋಡಿ, ಮುಂದಿನ ಓಣಿಯ ದರ್ಜಿಯ ಹತ್ತಿರ ಹೋಗುತ್ತಾನೆ.

ಬೇರೆ ತಿಂಗಳಾದರೆ ಮಾಸ್ತರ್ ನಕ್ಕು ಸುಮ್ಮನಿರುತ್ತಿದ್ದರೇನೋ. ರಂಜಾನ್ ಎದುರಿಗಿತ್ತು. ಹಬ್ಬದ ಹೊಲಿಗೆಯ ಬಟ್ಟೆ ಬರುವುದು ಈಗಲೇ. ಉಪವಾಸ ಶುರುವಾಗಿ ಸ್ವಲ್ಪ ದಿನಕ್ಕೆ ದರ್ಜಿಗಳೆಲ್ಲ ‘ಇನ್ನ ತಗೊಳ್ಳಂಗಿಲ್ರಿ’ ಎಂದು ಕೈ ಎತ್ತುತ್ತಾರೆ. ಈ ಒಂದು ಸುಗ್ಗಿಯ ಮೇಲೆ ಮಾಸ್ತರ್ ಅವರ ವರ್ಷ ನಿಂತಿದೆ. ಇದು ತಪ್ಪಿದರೆ ಅಂಗಡಿ ಮುಚ್ಚಿ ಲಕಮನಹಳ್ಳಿಯ ಯಾವುದಾದರೂ ಕಾರ್ಖಾನೆಯಲ್ಲಿ ಸಮವಸ್ತ್ರ ಹೊಲಿಯಲು ಕೂಡಬೇಕಾದೀತು ಎಂದು ಅವರು ಒಂದು ಸಲ ಹೇಳಿದ್ದರು. ಹೇಳುವಾಗ ನಗಲಿಲ್ಲ. ‘ದೂರು ಕೊಡ್ರಿ ಮಾಸ್ತರ್ರ’ ಎಂದು ಗಿರಿಜಾ ಅಂದಳು. ಮಾಸ್ತರ್ ತಲೆಯಾಡಿಸಿದರು. ‘ದೂರು ಕೊಟ್ರ ಬ್ಯಾನರ್ ಹೋಗತೈತ್ರಿ ಅಕ್ಕಾರ, ಗಿರಾಕಿನೂ ಹೋಗತಾನ. ಅವರ ತಂದಿ ಕಾಲದಿಂದ ಅವರ ಮನಿ ಬಟ್ಟಿ ಹೊಲಿಯಾಂವ ನಾನ.’ ಇದು ನಿಜ. ಬ್ಯಾನರಿನಲ್ಲಿ ಮುಖಂಡರು ತೊಟ್ಟಿದ್ದ ಬಿಳಿ ಜುಬ್ಬಾ ಕೂಡ ಮಾಸ್ತರ್ ಹೊಲಿದದ್ದೇ. ತಾವು ಹೊಲಿದ ಜುಬ್ಬಾದ ಚಿತ್ರ ತಮ್ಮ ಅಂಗಡಿಯನ್ನೇ ಮುಚ್ಚಿದ್ದು ಅವರಿಗೆ ಯಾರ ಮೇಲೆ ಸಿಟ್ಟಾಗಬೇಕೆಂದು ತಿಳಿಯದ ಸ್ಥಿತಿ ತಂದಿತ್ತು.

ಹೀಗೆ ಗಿರಾಕಿಯಿಲ್ಲದ ಆ ಭಾನುವಾರ ಮಾಸ್ತರ್ ಚಹಾಕ್ಕೆಂದು ಮೇಲೆ ಬಂದರು. ಟೀವಿಯಲ್ಲಿ ಸಿನಿಮಾ ಆಗತಾನೇ ಶುರುವಾಗಿತ್ತು. ಕನ್ನಡಕ್ಕೆ ಡಬ್ ಆಗಿರಲಿಲ್ಲ. ಕೆಳಗೆ ಇಂಗ್ಲಿಷ್ ಸಾಲುಗಳು ಓಡುತ್ತಿದ್ದವು. ಮಾಸ್ತರ್‌ಗೆ ಇಂಗ್ಲಿಷ್ ಓದಲು ಬಾರದು. ಗಿರಿಜಾಗೆ ಬರುತ್ತದೆ, ಆದರೆ ಅವಳು ಮೆಂತೆ ಪಲ್ಲೆ ಸೋಸುತ್ತಿದ್ದಳು, ಕಣ್ಣು ಮೊರದ ಮೇಲಿತ್ತು. ‘ನೀವು ಓದಿ ಹೇಳ್ರಿ, ದಿನಾ ಅದ ಕೆಲಸ ಮಾಡ್ತೀರಿ’ ಎಂದು ಅವಳು ನನಗೆ ವಹಿಸಿದಳು. ನಾನು ಕನ್ನಡಕ ಒರೆಸಿಕೊಂಡು ಕುಳಿತೆ.

ಕಥೆ ಒಬ್ಬ ಇಸ್ತ್ರಿಯವನದು. ಬೇವಿನ ಮರದ ಕೆಳಗೆ ಅವನ ಗಾಡಿ, ಗಾಡಿಯ ಮೇಲೆ ಇದ್ದಿಲಿನ ಇಸ್ತ್ರಿ ಪೆಟ್ಟಿಗೆ. ಊರಿನ ಮಂತ್ರಿಯ ಬಿಳಿ ಅಂಗಿ, ಬಿಳಿ ಪಂಚೆಗಳು ಅವನ ಕೈಯಲ್ಲೇ ಗೆರೆ ಕಾಣಬೇಕು. ಆ ಕೈಯ ಗೆರೆ ಇದ್ದ ಅಂಗಿ ತೊಟ್ಟ ದಿನವೇ ತಾನು ಮೊದಲ ಚುನಾವಣೆ ಗೆದ್ದದ್ದೆಂದು ಮಂತ್ರಿಯ ನಂಬಿಕೆ. ಹೀಗಿರುವಾಗ ಮಂತ್ರಿಯ ಕಲ್ಯಾಣ ಮಂಟಪಕ್ಕೆ ವಾಹನ ನಿಲ್ಲಿಸುವ ಜಾಗ ಬೇಕಾಗಿ, ಒಂದು ಬೆಳಿಗ್ಗೆ ಇಸ್ತ್ರಿಯವನ ಓಣಿಗೆ ಓಣಿಯನ್ನೇ ಕೆಡವುತ್ತಾರೆ. ಅವನು ಕಚೇರಿಯಿಂದ ಕಚೇರಿಗೆ ಅಲೆಯುತ್ತಾನೆ. ಎಲ್ಲ ಕಡೆಯೂ ಅವನಿಗೆ ಕುರ್ಚಿ ಕೊಡುತ್ತಾರೆ, ನೀರು ಕೊಡುತ್ತಾರೆ, ಉತ್ತರ ಕೊಡುವುದಿಲ್ಲ. ಈ ಭಾಗವನ್ನು ನಾನು ಬಹಳ ಮೆಚ್ಚಿದೆ. ಸಿನಿಮಾದ ಅಧಿಕಾರಿಗಳೆಂದರೆ ಕಿರುಚುವವರು ಎಂದು ನಾವು ನೋಡುತ್ತ ಬಂದಿದ್ದೇವೆ. ಇಲ್ಲಿ ಒಬ್ಬರೂ ದನಿ ಎತ್ತುವುದಿಲ್ಲ. ನಾನು ಕಂಡಿರುವ ಕಚೇರಿಗಳೂ ಹೀಗೆಯೇ ಇವೆ. ಅನ್ಯಾಯವಾಗುವಾಗ ಫ್ಯಾನ್ ತಿರುಗುವ ಸದ್ದು ಮಾತ್ರ ಕೇಳುತ್ತಿರುತ್ತದೆ.

ನನ್ನ ಭಾಷಾಂತರದ ಬಗ್ಗೆ ಎರಡು ಮಾತು. ಇಸ್ತ್ರಿಯವ ಕಚೇರಿಯ ಮೆಟ್ಟಿಲ ಮೇಲೆ ನಿಂತು ಕಣ್ಣಲ್ಲಿ ನೀರು ತುಂಬಿಕೊಂಡು ಏನೋ ಕೂಗಿದ. ನಾನು ಕೆಳಗಿನ ಸಾಲು ಓದಿ, ‘ಅಧಿಕಾರಿಗಳ ಧೋರಣೆಯನ್ನು ಅವರು ಖಂಡಿಸಿದ್ದಾರೆ’ ಎಂದೆ. ಅವನ ಹೆಂಡತಿ ಬಿದ್ದ ಮನೆಯ ಮಣ್ಣಿನಲ್ಲಿ ಕೂತು ಮಂತ್ರಿಯ ವಂಶವನ್ನೇ ಶಪಿಸಿದಳು. ‘ಸ್ಥಳೀಯರು ಅಸಮಾಧಾನ ವ್ಯಕ್ತಪಡಿಸಿದ್ದಾರೆ’ ಎಂದೆ. ಗಿರಿಜಾ ಮೊರ ಕೆಳಗಿಟ್ಟಳು.

‘ಆಕಿ ಎದಿ ಬಡಕೊಂಡು ಅಳಾಕತ್ತಾಳ, ನೀವು ವರದಿ ಓದಾಕತ್ತೀರಿ.’

‘ಅರ್ಥ ಅದೇ.’

‘ಅರ್ಥ ಅದ ಇರಬಹುದು. ಹೊಟ್ಟ್ಯಾಗಿಂದು ಎಲ್ಲಿ ಹೋತು?’

ಮಾಸ್ತರ್ ನಡುವೆ ಬಂದು, ‘ಇರ್ಲಿ ಬಿಡ್ರಿ ಅಕ್ಕಾರ. ಸಾಹೇಬ್ರು ಓದ್ಲಿ. ಮಾರಿ ನೋಡಿದ್ರ ನನಗ ತಿಳೀತೈತಿ, ಸಾಹೇಬ್ರು ಹೇಳಿದ್ರ ಇನ್ನೂ ಒಂದೀಟು ಖಚಿತ ಆಗತೈತಿ’ ಎಂದರು. ಇದು ಹೊಗಳಿಕೆಯೋ ಅಲ್ಲವೋ ಎಂದು ನಾನು ಈವರೆಗೂ ನಿರ್ಧರಿಸಿಲ್ಲ.

ಕಡೆಗೆ ಇಸ್ತ್ರಿಯವ ಮಾಡುವುದಿಷ್ಟೇ. ಮಂತ್ರಿಯ ವಾರದ ಬಟ್ಟೆ ಅವನ ಹತ್ತಿರ ಇರುತ್ತದೆ. ಅದನ್ನು ಅವನು ಕೊಡುವುದಿಲ್ಲ. ನೀಟಾಗಿ ಗೆರೆ ಹಾಕಿ, ಮನೆ ಕಳೆದುಕೊಂಡ ಓಣಿಯವರಿಗೆ ಒಂದೊಂದು ಜೊತೆ ತೊಡಿಸಿ, ಎಲ್ಲರನ್ನೂ ಕರೆದುಕೊಂಡು ಮಂತ್ರಿಯ ಸಭೆಗೆ ಹೋಗುತ್ತಾನೆ. ಬಿಳಿ ಬಟ್ಟೆ, ಆ ಗೆರೆ ನೋಡಿ ಪೊಲೀಸರು ಒಬ್ಬೊಬ್ಬರಿಗೂ ಸಲ್ಯೂಟ್ ಹೊಡೆದು ಒಳಗೆ ಬಿಡುತ್ತಾರೆ. ಸೈಕಲ್ ರಿಪೇರಿಯವ ಒಳಗೆ ಹೋಗುತ್ತಾನೆ, ಮೀನು ಮಾರುವವಳ ಗಂಡ ಒಳಗೆ ಹೋಗುತ್ತಾನೆ. ಹೂವಿನ ನಮೂನೆಯ ಅರ್ಧ ತೋಳಿನ ಅಂಗಿ ತೊಟ್ಟು ಬಂದ ಮಂತ್ರಿಯನ್ನು ಮಾತ್ರ ಬಾಗಿಲಲ್ಲಿ ತಡೆದು ಪಾಸು ಕೇಳುತ್ತಾರೆ. ಮಾಸ್ತರ್ ಇಲ್ಲಿ ನಕ್ಕ ನಗುವಿಗೆ ಅವರ ಕೈಯ ಬಸಿಯೊಳಗಿನ ಚಹಾ ನಮ್ಮ ಚಾಪೆಗೆ ಬಿತ್ತು. ಆಗ ಇಸ್ತ್ರಿಯವ ಮಂತ್ರಿಯ ಹತ್ತಿರ ಬಂದು, ದನಿ ಎತ್ತದೆ, ಒಂದೇ ಒಂದು ಮಾತು ಹೇಳುತ್ತಾನೆ. ನಾನು ಓದಿದೆ: ‘ಬಟ್ಟೆಯ ಒಡೆತನ ಸಚಿವರದೇ ಆಗಿದ್ದರೂ ಇಸ್ತ್ರಿಯ ಶ್ರೇಯ ತಮಗೆ ಸಲ್ಲಬೇಕೆಂದು ಅವರು ಪ್ರತಿಪಾದಿಸಿದರು.’

ಸಿನಿಮಾದ ಕೊನೆಯಲ್ಲಿ ಬಿದ್ದ ಓಣಿ ಮತ್ತೆ ಎದ್ದು ನಿಲ್ಲುವುದಿಲ್ಲ. ಮಂತ್ರಿ ಜೈಲಿಗೆ ಹೋಗುವುದಿಲ್ಲ. ಇಸ್ತ್ರಿಯವ ರಸ್ತೆಯ ಆಚೆ ಬದಿಗೆ ಗಾಡಿ ಇಡುತ್ತಾನೆ, ಇದ್ದಿಲು ಊದುತ್ತಾನೆ; ಮಂತ್ರಿಯ ಮನೆಯಿಂದ ಬಟ್ಟೆ ಬರುತ್ತದೆ, ಈ ಸಲ ಮಂತ್ರಿ ತಾನೇ ತಂದಿರುತ್ತಾನೆ. ಅಷ್ಟೇ. ಇಷ್ಟು ವರ್ಷ ಸುದ್ದಿ ತಿದ್ದಿದ ನನಗೆ ಹೊಡೆದುಹಾಕಲು ಆ ಸಿನಿಮಾದಲ್ಲಿ ಒಂದು ವಿಶೇಷಣವೂ ಸಿಗಲಿಲ್ಲ. ನಾನು ಕೊಡಬಲ್ಲ ದೊಡ್ಡ ಪ್ರಶಸ್ತಿ ಇದು. ನನ್ನ ಮಾವ ಇದ್ದಿದ್ದರೆ ಇನ್ನೂ ಮೆಚ್ಚುತ್ತಿದ್ದರು. ಅವರು ಊರಿಗೆ ಬಂದ ಟೂರಿಂಗ್ ಟಾಕೀಸಿನಲ್ಲಿ ಕೂತು ನಾಯಕನಿಗೆ, ‘ಹಿಂದ ನೋಡಲೇ, ಬಡಿಗಿ ಹಿಡಕೊಂಡು ನಿಂತಾನ’ ಎಂದು ಎದ್ದು ನಿಂತು ಎಚ್ಚರಿಸುತ್ತಿದ್ದವರು. ಆ ರಕ್ತ ಗಿರಿಜಾಳಲ್ಲಿದೆ. ಸಿನಿಮಾ ಮುಗಿದ ಮೇಲೆ ಅವಳು ಮಾಸ್ತರ್ ಕಡೆ ನೋಡಿದಳು. ಮಾಸ್ತರ್ ಖಾಲಿ ಬಸಿ ಹಿಡಿದು ಗೋಡೆ ನೋಡುತ್ತಿದ್ದರು.

‘ಮುಖಂಡರ ಹುಟ್ಟಿದ ಹಬ್ಬದ ಜುಬ್ಬಾ ನಿಮ್ಮ ಕಡೇನ ಐತಲ್ರಿ ಮಾಸ್ತರ್ರ?’ ಎಂದಳು ಗಿರಿಜಾ.

‘ಐತ್ರಿ ಅಕ್ಕಾರ. ಕತ್ತರಿಸಿಟ್ಟೇನಿ.’

‘ಮತ್ತ?’

‘ಕೊಡೂದಿಲ್ಲ ಅಂತೇನಿ’ ಎಂದರು ಮಾಸ್ತರ್, ಬಹಳ ಸಾವಕಾಶ. ‘ಬ್ಯಾನರ್ ಸರಿಯೋತನಕ ಕೊಡೂದಿಲ್ಲ.’

ಒಬ್ಬ ಪ್ರಜೆ ಅಧಿಕಾರದ ಎದುರು ನಿಲ್ಲಲು ತೀರ್ಮಾನಿಸಿದ ಗಳಿಗೆಯಲ್ಲಿ ನಾನು ಹಾಜರಿದ್ದೆ. ನನಗೆ ಮೈ ಜುಮ್ಮೆಂದಿತು ಎಂದು ಬರೆಯಬಹುದು. ಬೇರೆಯವರು ಬರೆದಿದ್ದರೆ ಹೊಡೆದುಹಾಕುತ್ತಿದ್ದೆ.

ಆದರೆ ಈ ಹೋರಾಟದಲ್ಲಿ ಒಂದು ತಾಂತ್ರಿಕ ದೋಷವಿತ್ತು. ನಮ್ಮಲ್ಲಿ ದರ್ಜಿ ಹೇಳಿದ ದಿನ ಬಟ್ಟೆ ಕೊಡದಿರುವುದು ಪ್ರತಿಭಟನೆಯಲ್ಲ, ಪದ್ಧತಿ. ಹೇಳಿದ ದಿನವೇ ಕೊಟ್ಟುಬಿಟ್ಟರೆ ಗಿರಾಕಿಗೆ ಸಂಶಯ ಬಂದು ಹೊಲಿಗೆ ಎಳೆದೆಳೆದು ನೋಡುತ್ತಾನೆ. ಮುಖಂಡರ ಕಡೆಯಿಂದ ಚನ್ನಪ್ಪ ಎಂಬ ಕಾರ್ಯಕರ್ತ ಹಿಂಬಾಗಿಲಿನಿಂದ ಬಂದು ಕೇಳಿದ: ‘ಜುಬ್ಬಾ ಆತೇನ್ರಿ ಮಾಸ್ತರ್?’ ಮಾಸ್ತರ್ ಎದೆ ಸೆಟೆಸಿ, ‘ಇಲ್ಲ. ಕೊಡೂದಿಲ್ಲ’ ಎಂದರು. ಚನ್ನಪ್ಪ ನಕ್ಕ. ‘ಹೋದ ವರ್ಷನೂ ಹಿಂಗ ಅಂದಿದ್ರಿ. ನಾಡದ ಬರ್ತೇನಿ’ ಎಂದು ಹೋದ. ಆ ‘ನಾಡದ’ ಬಂದಾಗ ಮಾಸ್ತರ್ ಇನ್ನೂ ಸ್ಪಷ್ಟವಾಗಿ, ‘ಈ ಸಲ ಬ್ಯಾರೆ ಐತಿ ಚನ್ನಪ್ಪ. ಮನಸ್ಸಿಲ್ಲ ನನಗ’ ಎಂದರು. ಚನ್ನಪ್ಪನ ಮುಖದಲ್ಲಿ ಕಳವಳ ಕಾಣಿಸಿತು. ‘ಮಷಿನ್ ಕೆಟ್ಟೈತೇನ್ರಿ? ಮೊದಲ ಹೇಳಬೇಕಿಲ್ರಿ’ ಎಂದವನೇ ಸಂಜೆ ಒಬ್ಬ ಮೆಕ್ಯಾನಿಕ್‌ನನ್ನು ಕಳಿಸಿದ. ಅವನು ಬಂದು ಮಷಿನ್ ಬಿಚ್ಚಿ, ಎಣ್ಣೆ ಬಿಟ್ಟು, ಬೆಲ್ಟ್ ಬದಲಿಸಿ ಹೋದ. ಅಧಿಕಾರವನ್ನು ಎದುರು ಹಾಕಿಕೊಂಡ ದಸ್ತಗೀರ್ ಮಾಸ್ತರ್ ಅವರ ಮಷಿನ್ ಅಂದಿನಿಂದ ಸದ್ದಿಲ್ಲದೆ ಓಡುತ್ತಿದೆ.

ಉಪವಾಸ ಶುರುವಾಯಿತು. ಮುಂದಿನ ಓಣಿಯ ದರ್ಜಿಯ ಅಂಗಡಿಯಲ್ಲಿ ಬಟ್ಟೆಯ ಗಂಟುಗಳು ಕಟ್ಟೆಯ ಮೇಲೂ ಬಂದಿದ್ದವು. ನಮ್ಮ ಮಾಸ್ತರ್ ಹಾಡಹಗಲು ಟ್ಯೂಬ್‌ಲೈಟ್ ಹಾಕಿಕೊಂಡು, ಓಣಿಯ ಹಳಬರು ಕೊಟ್ಟ ನಾಲ್ಕಾರು ಬಟ್ಟೆ ಮುಗಿಸಿ, ಕತ್ತರಿಗೆ ಸಾಣೆ ಹಿಡಿಯುತ್ತ ಕೂತಿರುತ್ತಿದ್ದರು. ಗಿರಿಜಾ ನನ್ನ ಮೇಲೆ ತಿರುಗಿದಳು.

‘ಪೇಪರ್‌ನ್ಯಾಗ ಬರೀರಿ.’

‘ನಮ್ಮ ಓಣಿಯ ಸುದ್ದಿ ನಾನು ಬರೆಯುವಂತಿಲ್ಲ. ಅದೂ ಅಲ್ಲದೆ ಸುದ್ದಿ ಅಂದರೆ ಏನಾದರೂ ನಡೀಬೇಕು.’

‘ಮಾಸ್ತರ್ರು ಬಟ್ಟಿ ಕೊಡಾಕತ್ತಿಲ್ಲ.’

‘ದರ್ಜಿ ಬಟ್ಟೆ ಕೊಡಲಿಲ್ಲ ಅನ್ನೋದನ್ನ ಸುದ್ದಿ ಅಂತ ತಗೊಂಡು ಹೋದರೆ ನಾಳೆಯಿಂದ ನನಗೆ ಹವಾಮಾನ ವರದಿ ನೋಡಲು ಹೇಳ್ತಾರೆ.’

ಗಿರಿಜಾ, ‘ಆ ಸಿನಿಮಾದಾಗ ಇಸ್ತ್ರಿಯಾಂವನ ಬಾಜೂ ಮನ್ಯಾಗ ನಿಮ್ಮಂತಾಂವ ಒಬ್ಬ ಇರಬೇಕಿತ್ತು. ಓಣಿ ಕೆಡವೂವಾಗ ಗ್ಯಾಲರ್‍ಯಾಗ ನಿಂತು ಒತ್ತಕ್ಷರ ತಿದ್ದತಿದ್ದ’ ಎಂದಳು. ನಂತರ ಅವಳೇ ಕೆಳಗಿಳಿದು ಹೋಗಿ ಮಾಸ್ತರ್‌ಗೆ ಉಪಾಯ ಹೇಳಿದಳು. ಜುಬ್ಬಾ ಹೊಲಿದು ಮುಗಿಸಬೇಕು. ಮುಗಿದಿದೆ ಎಂದೇ ಹೇಳಬೇಕು. ಆದರೆ ಮುಖಂಡರು ತಾವೇ ಬರಬೇಕು, ಅದೂ ಅಂಗಡಿಯ ಮುಂಬಾಗಿಲಿನಿಂದ. ಮಾಸ್ತರ್ ಅನುಮಾನಿಸಿದರು. ಮುಖಂಡರು ಸಿಟ್ಟಾಗಿ ಹೋಗಿಬಿಟ್ಟರೆ ಅವರ ಮನೆಯ ಬಟ್ಟೆಯೂ ಹೋಯಿತು, ಅವರನ್ನು ನೋಡಿ ಬರುವವರ ಬಟ್ಟೆಯೂ ಹೋಯಿತು; ಉಳಿಯುವುದು ಲಕಮನಹಳ್ಳಿ. ಒಂದು ದಿನ ಪೂರ್ತಿ ಯೋಚಿಸಿದರು. ಮರುದಿನ ಚನ್ನಪ್ಪ ಬಂದಾಗ ಹೇಳಿಯೇಬಿಟ್ಟರು: ‘ಜುಬ್ಬಾ ತಯಾರ ಐತಿ. ಸಾಹುಕಾರ್ರು ತಾವ ಬರಬೇಕು. ಮುಂದಿನ ಬಾಗಲಿಂದ.’ ಚನ್ನಪ್ಪ ಈ ಸಲ ನಗಲಿಲ್ಲ.

ಹುಟ್ಟುಹಬ್ಬದ ದಿನ ಬೆಳಿಗ್ಗೆ ನಾನು ಹಾಲಿನ ಪಾಕೀಟು ಹಿಡಿದು ಮೆಟ್ಟಿಲಿನ ಬುಡಕ್ಕೆ ಬಂದಿದ್ದೆ. ಓಣಿಗೆ ಒಂದು ಬಿಳಿ ಕಾರು ಬಂತು. ಮುಖಂಡರು ಇಳಿದರು. ಜುಬ್ಬಾ ಬಂದಿರಲಿಲ್ಲವಾದ್ದರಿಂದ ಅವರು ನೀಲಿ ಗೆರೆಯ ಅಂಗಿ ತೊಟ್ಟಿದ್ದರು. ಅವರನ್ನು ಬಿಳಿಯಲ್ಲಿ ಅಲ್ಲದೆ ನಾನು ನೋಡಿದ್ದು ಅದೇ ಮೊದಲು. ಬ್ಯಾಂಕಿನಲ್ಲಿ ಪಾಸ್‌ಬುಕ್ ತುಂಬಿಸಲು ಬಂದವರ ಹಾಗೆ ಕಂಡರು. ಅವರು ತಮ್ಮ ಬ್ಯಾನರಿನ ಮುಂದೆ ನಿಂತು ಎಡಕ್ಕೆ ನೋಡಿದರು, ಬಲಕ್ಕೆ ನೋಡಿದರು.

‘ಮಾಸ್ತರ್ ಅಂಗಡಿ ಇಲ್ಲೇ ಇತ್ತಲ್ಲೋ?’ ಎಂದು ಚನ್ನಪ್ಪನನ್ನು ಕೇಳಿದರು. ‘ತಗದಾರೇನು?’

ಚನ್ನಪ್ಪ ಬಾಯಿ ತೆರೆಯುವ ಮೊದಲೇ ಮೇಲೆ ನಮ್ಮ ಮನೆಯ ಗ್ಯಾಲರಿಯಿಂದ ಗಿರಿಜಾಳ ದನಿ ಬಂತು. ‘ತಗದಿಲ್ರಿ. ನಿಮ್ಮ ಬಲಗಿವಿ ಹಿಂದ ಐತಿ ನೋಡ್ರಿ.’

ಮುಖಂಡರು ಅರಿವಿಲ್ಲದೆ ತಮ್ಮ ಕಿವಿ ಮುಟ್ಟಿಕೊಂಡರು. ನಂತರ ಬ್ಯಾನರಿನ ಕಿವಿ ನೋಡಿದರು. ಅಷ್ಟರಲ್ಲಿ ಮಾಸ್ತರ್ ಸಂದಿಯಿಂದ ಹೊರಗೆ ಬಂದು ನಿಂತಿದ್ದರು. ಕೊರಳಲ್ಲಿ ಅಳತೆಯ ಟೇಪು, ತುಟಿ ಒಣಗಿತ್ತು, ಉಪವಾಸ. ಮುಖಂಡರ ಕಣ್ಣಿಗೆ ನಾನು ಬಿದ್ದೆ. ‘ನೀವು ಪೇಪರ್‌ನ್ಯಾವರು. ನೀವ ಹೇಳ್ರಿ ಸರ, ಏನಿದು?’ ಎಂದರು.

ಒಂದು ಸಾಲು ಸಾಕಿತ್ತು. ಬ್ಯಾನರಿನಿಂದ ಈ ಮನುಷ್ಯನ ಹೊಟ್ಟೆಯ ಮೇಲೆ ಕಾಲಿಟ್ಟಂತಾಗಿದೆ ಎಂದಿದ್ದರೆ ಸಾಕಿತ್ತು. ನಾನು ಹಾಲಿನ ಪಾಕೀಟನ್ನು ಈ ಕೈಯಿಂದ ಆ ಕೈಗೆ ಬದಲಿಸಿ, ‘ಎರಡೂ ಕಡೆಯವರ ಅಭಿಪ್ರಾಯ ಕೇಳಬೇಕಾಗುತ್ತದೆ’ ಎಂದೆ.

ಮೇಲೆ ಗ್ಯಾಲರಿಯ ಬಾಗಿಲು ಧಡ್ ಎಂದು ಮುಚ್ಚಿ, ಮರುಕ್ಷಣವೇ ಮತ್ತೆ ತೆರೆಯಿತು. ಮಾಸ್ತರ್ ಒಂದು ಹೆಜ್ಜೆ ಮುಂದೆ ಬಂದರು.

‘ಬಟ್ಟಿ ನಿಮ್ಮದ್ರಿ’ ಎಂದರು. ‘ಹೊಲಿಗಿ ನಂದು. ಬಾಗಲಾನೂ ನಂದು.’

ನನಗೆ ಆಗ ಹೊಳೆಯಿತು: ಆ ಭಾನುವಾರ ಸಿನಿಮಾದ ಆ ಮಾತನ್ನು ಹೀಗೆ ಓದಬೇಕಾಗಿತ್ತು. ನಾನು ಒಡೆತನ, ಶ್ರೇಯ, ಪ್ರತಿಪಾದನೆ ಎಂದು ಪೇರಿಸಿಟ್ಟ ರಾಶಿಯ ಕೆಳಗಿನಿಂದ ಮಾಸ್ತರ್ ಆ ಮಾತನ್ನು ತಾವೇ ಎಳೆದು ತೆಗೆದಿದ್ದರು. ತೆಗೆದು, ತಮ್ಮ ಅಳತೆಗೆ ಹೊಲಿದುಕೊಂಡು, ಕೊನೆಯಲ್ಲಿ ಒಂದು ಬಾಗಿಲನ್ನೂ ಇಟ್ಟಿದ್ದರು.

ಮುಖಂಡರು ಏನು ಮಾಡುತ್ತಾರೆಂದು ಎಲ್ಲರೂ ನೋಡುತ್ತಿದ್ದರು. ಅವರು ಸಿಟ್ಟಾಗಲಿಲ್ಲ, ನಗಲೂ ಇಲ್ಲ. ಬಿದಿರಿನ ನಡುವೆ ತಲೆ ಬಗ್ಗಿಸಿ, ತಮ್ಮದೇ ಚಿತ್ರದ ಕೆಳಗೆ ನುಸುಳಿ, ಮುಂಬಾಗಿಲಿನಿಂದ ಅಂಗಡಿಯ ಒಳಗೆ ಹೋದರು. ಹಿಂದೆಯೇ ನಾನೂ ಇಣುಕಿದೆ. ಒಳಗೆ ಬೆಳಗಿನ ಬಿಸಿಲು ಬ್ಯಾನರಿನ ಮೂಲಕ ಸೋಸಿ ಬರುತ್ತಿತ್ತು. ಒಳಗಿನಿಂದ ನೋಡಿದರೆ ಅಕ್ಷರಗಳೆಲ್ಲ ತಿರುಗುಮುರುಗು, ಮುಖಂಡರ ಮುಖ ಮಸುಕು, ಹಲ್ಲು ಮಾತ್ರ ಬಿಳಿ. ಅವರು ಅದನ್ನು ಸ್ವಲ್ಪ ಹೊತ್ತು ನೋಡಿದರು.

‘ಕತ್ತಲ ಐತಲ್ರಿ ಮಾಸ್ತರ್’ ಎಂದರು.

‘ಹೌದ್ರಿ’ ಎಂದರು ಮಾಸ್ತರ್.

ಮುಖಂಡರು ಅಲ್ಲೇ ಜುಬ್ಬಾ ತೊಟ್ಟುಕೊಂಡರು. ಭುಜ, ತೋಳು, ಕಾಲರ್, ಎಲ್ಲ ಹೇಳಿ ಮಾಡಿಸಿದ ಹಾಗಿತ್ತು. ಹೇಳಿ ಮಾಡಿಸಿದ್ದೇ. ಹೊರಬಂದು, ‘ಸರಸ್ರೋ ಇದನ್ನ’ ಎಂದರು. ಚನ್ನಪ್ಪ ಹಗ್ಗಕ್ಕೆ ಕೈ ಹಾಕಿದಾಗ ಅವರ ಜೊತೆ ಬಂದ ಹಿರಿಯರೊಬ್ಬರು, ‘ಹುಟ್ಟಿದ ದಿವಸ ಮಾರಿ ಕೆಳಗ ಇಳಸಬಾರದು. ಮ್ಯಾಲೆ ಏರಸ್ರಿ’ ಎಂದರು. ಅದು ಎಲ್ಲರಿಗೂ ಸರಿ ಕಂಡಿತು. ಮೇಲೆ ಏರಿಸಿದರು. ಮೇಲೆ ಎಂದರೆ ಮೊದಲ ಮಹಡಿ. ಮೊದಲ ಮಹಡಿ ಎಂದರೆ ನಮ್ಮ ಗ್ಯಾಲರಿ. ಹೋಗುವ ಮೊದಲು ಮುಖಂಡರು ಮಾಸ್ತರ್ ಕೈಗೆ ಪೇಢೆಯ ಡಬ್ಬಿ ಕೊಟ್ಟರು. ಮಾಸ್ತರ್ ಅದನ್ನು ಮಷಿನ್ ಮೇಲೆ ಇಟ್ಟು, ಸಂಜೆ ಉಪವಾಸ ಬಿಟ್ಟ ಮೇಲೆ ನಮಗೂ ಕೊಟ್ಟರು. ನನ್ನ ಕೈ ಹಿಡಿದು, ‘ಸಾಹೇಬ್ರು ಎರಡೂ ಕಡೆ ಕೇಳಬೇಕು ಅಂದದ್ದಕ್ಕ ನನಗ ಮಾತಾಡಾಕ ಜಾಗಾ ಸಿಕ್ತು’ ಎಂದು ಮಾಸ್ತರ್ ಹೇಳಿದರು. ಹೇಳುವಾಗ ಗಿರಿಜಾ ಅಡುಗೆಮನೆಯಲ್ಲಿದ್ದಳು. ಹೀಗಾಗಿ ನನ್ನ ಹತ್ತಿರ ಸಾಕ್ಷಿಯಿಲ್ಲ.

ಮಾಸ್ತರ್ ಅವರ ಅಂಗಡಿಗೆ ಮರುದಿನದಿಂದಲೇ ಬಟ್ಟೆ ಬರತೊಡಗಿತು. ಮುಖಂಡರು ನುಸುಳಿದ ಬಾಗಿಲು ಯಾವುದೆಂದು ನೋಡಲು ಬಂದವರೂ ಒಂದೊಂದು ಪಾಯಿಜಾಮಾ ಕೊಟ್ಟು ಹೋದರು. ಎಣ್ಣೆ ಬಿಟ್ಟ ಮಷಿನ್ ಹಬ್ಬದ ಹಿಂದಿನ ಸಂಜೆಯವರೆಗೂ ನಿಲ್ಲಲಿಲ್ಲ. ಲಕಮನಹಳ್ಳಿಯ ಮಾತು ಮತ್ತೆ ಬರಲಿಲ್ಲ.

ಹುಟ್ಟುಹಬ್ಬದ ಬ್ಯಾನರ್ ಇಳಿದ ದಿನವೇ ಯುಗಾದಿ ಮತ್ತು ರಂಜಾನ್ ಹಬ್ಬಗಳಿಗೆ ಸೇರಿಸಿ ಶುಭಾಶಯ ಕೋರುವ ಹೊಸ ಬ್ಯಾನರ್ ಅದೇ ಜಾಗಕ್ಕೆ ಏರಿತು. ನಾನು ಡೆಸ್ಕಿನಿಂದ ಬಂದು ಗಾಡಿ ನಿಲ್ಲಿಸಿ ತಲೆ ಎತ್ತಿ ನೋಡಿದೆ. ಶುಭ ಕೋರುವವರ ಸಾಲಿನಲ್ಲಿ ಒಂದು ಮುಖ ಎಲ್ಲೋ ನೋಡಿದಂತಿತ್ತು. ಕೆಳಗೆ ‘ಹಿರಿಯ ಪತ್ರಕರ್ತರು, ಸೌಹಾರ್ದದ ಹರಿಕಾರರು’ ಎಂದಿತ್ತು. ಎರಡೂ ವಿಶೇಷಣಗಳು. ಚಿತ್ರದಲ್ಲಿ ಆ ಮನುಷ್ಯನ ಎಡ ಭುಜದ ಮೇಲೆ ಬೇರೆ ಯಾರದೋ ಬೆರಳುಗಳು ಉಳಿದುಕೊಂಡಿದ್ದವು. ಆ ಬೆರಳಿನ ಹವಳದ ಉಂಗುರ ನನಗೆ ಪರಿಚಿತ. ಹಾಲಿನ ಗೋಡೆಯ ಮೇಲಿರುವ ನಮ್ಮಿಬ್ಬರ ಫೋಟೊದಲ್ಲಿ ಅದು ಪೂರ್ತಿ ಕಾಣುತ್ತದೆ.

ಮೇಲೆ ಹೋಗಿ ಗಿರಿಜಾಳನ್ನು ಕೇಳಿದೆ. ಅವಳು ಹೋಳಿಗೆಗೆ ಕಡಲೆಬೇಳೆ ಬೇಯಲಿಟ್ಟಿದ್ದಳು, ತಿರುಗಿ ನೋಡಲಿಲ್ಲ.

‘ಚನ್ನಪ್ಪ ಬಂದು ನಿಮ್ಮ ಫೋಟೊ ಕೇಳಿದ, ಕೊಟ್ಟೆ. ಸುಮ್ಮ ಕೊಟ್ಟಿಲ್ಲ. ಇನ್ನ ಮುಂದ ಮಾಸ್ತರ್ರ ಬಾಗಲಾ ಮುಂದ ಯಾರ ಬ್ಯಾನರೂ ಕಟ್ಟಂಗಿಲ್ಲ ಅಂತ ಮುಖಂಡರ ಬಾಯಿಲೇ ಫೋನ್‌ನ್ಯಾಗ ಹೇಳಿಸಿ, ಆಮ್ಯಾಲೆ ಕೊಟ್ಟೇನಿ. ನಿಮ್ಮ ಮಾರಿ ಒಂದ ಕೆಲಸಕ್ಕ ಬಂತು ನೋಡ್ರಿ.’

ಜೀವಮಾನವೆಲ್ಲ ಯಾವ ಪಕ್ಷದ ಸುದ್ದಿಯಲ್ಲೂ ನೆರಳು ಬೀಳದಂತೆ ನಡೆದುಕೊಂಡವನು ನಾನು. ಈಗ ನನ್ನ ನೆರಳು ನನ್ನ ಗ್ಯಾಲರಿಗೇ ಬೀಳುತ್ತಿದೆ. ಮಧ್ಯಾಹ್ನವೂ ಹಾಲಿನಲ್ಲಿ ದೀಪ ಹಾಕಬೇಕು. ಬಟ್ಟೆ ಒಣಹಾಕಲು ಟೆರೇಸಿಗೆ ಹೋಗಬೇಕು. ‘ಇಳಸ್ರಿ ಅಂತ ನೀವ ಹೋಗಿ ಹೇಳ್ರಿ’ ಎಂದು ಗಿರಿಜಾ ಅನ್ನುತ್ತಾಳೆ. ಹೇಳಬೇಕು. ಮಾತು ಯಾವುದಿರಬೇಕೆಂದು ಯೋಚಿಸುತ್ತಿದ್ದೇನೆ, ಕರಡು ಸಿದ್ಧವಾಗುತ್ತಿದೆ. ಈ ನಡುವೆ ಮುಖಂಡರು ಮನೆಯವರ ಬಟ್ಟೆಯನ್ನೆಲ್ಲ ಮಾಸ್ತರ್ ಅವರಲ್ಲೇ ಕೊಟ್ಟಿದ್ದಾರೆ, ತಾವೇ ತಂದು. ಆ ತಮಿಳು ಸಿನಿಮಾವನ್ನು ಮಾಸ್ತರ್ ತಮ್ಮ ಫೋನಿನಲ್ಲಿ ಎರಡನೆಯ ಸಲ ನೋಡಿದ್ದಾರೆ, ಭಾಷಾಂತರಕಾರರ ನೆರವಿಲ್ಲದೆ.

ಎರಡೂ ಹಬ್ಬ ಮುಗಿದಿವೆ. ಇದನ್ನು ಬರೆಯುವ ಹೊತ್ತಿಗೆ ಬ್ಯಾನರ್ ಇನ್ನೂ ಇದೆ. ಕೆಳಗಿನ ಸಾಲಿನಲ್ಲಿ, ಎಡಗಡೆಯಿಂದ ಮೂರನೆಯವನು ನಾನು.